ಬಡ್ತಿ ಪಡೆದ ಹೆಡ್‌ಮಾಸ್ಟರಿಗೆ ಪಿಂಚಣಿ ಯಾಕೆ ಕಡಿಮೆ?

ಒಂದೇ ವರ್ಷ ಸರ್ಕಾರಿ ಪ್ರಾಥಮಿಕ ಶಾಲೆಗೆ ಮೇಷ್ಟ್ರಾಗಿ ಸೇರಿದ ಇಬ್ಬರು ಇದ್ದಾರೆ ಅಂದುಕೊಳ್ಳಿ. ಒಬ್ಬರು ಸೀನಿಯಾರಿಟಿ ಪಟ್ಟಿಯಲ್ಲಿ ಮುಂದಿದ್ದರು, ಮುಖ್ಯ ಶಿಕ್ಷಕರಾದರು. ಬಿಸಿಯೂಟದ ಲೆಕ್ಕ, ಎಸ್‌ಡಿಎಂಸಿ (ಶಾಲಾಭಿವೃದ್ಧಿ ಸಮಿತಿ) ಸಭೆ, ಸೋರುವ ಕೊಠಡಿ ಎಲ್ಲ ಅವರ ತಲೆಗೆ ಬಂತು. ಇನ್ನೊಬ್ಬರು ಸಹ ಶಿಕ್ಷಕರಾಗಿಯೇ ಉಳಿದರು. ನಿವೃತ್ತಿಯ ದಿನ ನೋಡಿದರೆ ಹಾಗೆ ಸಹ ಶಿಕ್ಷಕರಾಗಿ ಉಳಿದವರ ಮೂಲ ವೇತನವೇ ಜಾಸ್ತಿ ಇರಬಹುದು! ಕರ್ನಾಟಕದ ನಿವೃತ್ತ ಮುಖ್ಯ ಶಿಕ್ಷಕರು ವರ್ಷಗಟ್ಟಲೆ ಕೋರ್ಟು, ಧರಣಿ ಅಂತ ಓಡಾಡುತ್ತಿರುವುದು ಮುಖ್ಯವಾಗಿ ಇದಕ್ಕೇ.

ಶುರುವಾಗಿದ್ದು ಒಳ್ಳೆಯ ಉದ್ದೇಶದಿಂದ. ಬಡ್ತಿ ಸಿಗದೆ ಒಂದೇ ಹುದ್ದೆಯಲ್ಲಿ ಕೊಳೆಯುವವರಿಗಾಗಿ 1983ರಲ್ಲಿ ಕಾಲಮಿತಿ ಬಡ್ತಿ ನಿಯಮ ಬಂತು. ಹತ್ತು ವರ್ಷ ಅದೇ ಹುದ್ದೆಯಲ್ಲಿದ್ದರೆ ಮೇಲಿನ ವೇತನ ಶ್ರೇಣಿ. 1991ರಲ್ಲಿ 15 ವರ್ಷದವರಿಗೆ ಸ್ವಯಂಚಾಲಿತ ವಿಶೇಷ ಬಡ್ತಿ ಸೇರಿತು, ಇದೂ ವೇತನ ಶ್ರೇಣಿಯಲ್ಲಷ್ಟೇ, ಹುದ್ದೆ ಅದೇ. ಆಮೇಲೆ 20, 25, 30 ವರ್ಷಕ್ಕೆ ಒಂದೊಂದು ಹೆಚ್ಚುವರಿ ಇಂಕ್ರಿಮೆಂಟು.

ಗಂಟು ಇರುವುದು 'ಅದೇ ಹುದ್ದೆಯಲ್ಲಿ' ಅನ್ನುವ ಎರಡು ಪದದಲ್ಲಿ. ಹದಿನೆಂಟೋ ಇಪ್ಪತ್ತೋ ವರ್ಷಕ್ಕೆ ಮುಖ್ಯ ಶಿಕ್ಷಕರಾದವರ ಲೆಕ್ಕ ಹೊಸ ಹುದ್ದೆಯಲ್ಲಿ ಮತ್ತೆ ಸೊನ್ನೆಯಿಂದ ಶುರು. ಕಾಲಮಿತಿಯಿಂದ ಅವರಿಗೆ ಮೇಲಿನ ಶ್ರೇಣಿ ಆಗಲೇ ಸಿಕ್ಕಿರುತ್ತದೆ, ಹಾಗಾಗಿ ನಿಜವಾದ ಬಡ್ತಿ ಬಂದಾಗ ಸಂಬಳದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣುವುದಿಲ್ಲ. ಅತ್ತ ಜೊತೆಗಾರರು 20, 25, 30 ಅಂತ ಮೆಟ್ಟಿಲು ಹತ್ತುತ್ತಾ ಹೋಗುತ್ತಾರೆ. ಸರಿ, ಹಾಗಾದರೆ ಬಡ್ತಿಯೇ ಬೇಡ ಅಂದರೆ? ಬೇಡ ಅಂದವರಿಗೆ ಕಾಲಮಿತಿ ಸೌಲಭ್ಯವೂ ಇಲ್ಲ. ಹಿಡಿದರೂ ಕಷ್ಟ, ಬಿಟ್ಟರೂ ಕಷ್ಟ.

ಸರ್ಕಾರದ ವಾದ ಪೂರ್ತಿ ತಳ್ಳಿಹಾಕುವಂಥದ್ದಲ್ಲ. ಇದು ಬಡ್ತಿ ಇಲ್ಲದವರಿಗೆ ಸಮಾಧಾನದ ಯೋಜನೆ, ಬಡ್ತಿ ಸಿಕ್ಕವರು ಇದನ್ನೂ ಹೇಗೆ ಕೇಳುತ್ತಾರೆ ಅನ್ನುವುದು ಅದರ ಮಾತು. ಆದರೆ ಕಿರಿಯರಿಗೆ ಹಿರಿಯರಿಗಿಂತ ಜಾಸ್ತಿ ಸಂಬಳ ಬಂದರೆ ನಿಯಮದ ಲೆಕ್ಕ ಎಲ್ಲೋ ತಪ್ಪಿದೆ ಅಂತಲೇ ಅಲ್ವಾ? ಪಿಂಚಣಿ ಕೊನೆಯ ಮೂಲ ವೇತನದ ಅರ್ಧ. ಆದ್ದರಿಂದ ಆ ಎರಡು ಮೂರು ಇಂಕ್ರಿಮೆಂಟಿನ ಕೊರತೆ ಬದುಕಿರುವಷ್ಟು ದಿನ ಪ್ರತಿ ತಿಂಗಳೂ ಕಾಡುತ್ತದೆ, ತೀರಿಕೊಂಡ ಮೇಲೆ ಕುಟುಂಬ ಪಿಂಚಣಿಗೂ ತಗಲುತ್ತದೆ.

ಇಂಥ ಕೇಸು ಮೊದಲು ಕೆಎಟಿಗೆ (ಸರ್ಕಾರಿ ನೌಕರರ ಸೇವಾ ವ್ಯಾಜ್ಯ ನೋಡುವ ಕರ್ನಾಟಕ ಆಡಳಿತ ನ್ಯಾಯಮಂಡಳಿ), ಅಲ್ಲಿಂದ ಹೈಕೋರ್ಟಿಗೆ ಹೋಗುತ್ತದೆ. ಗೆದ್ದರೂ ಆದೇಶವನ್ನು ಅರ್ಜಿ ಹಾಕಿದವರಿಗಷ್ಟೇ ಅನ್ವಯಿಸುವುದು ಇಲಾಖೆಗಳ ರೂಢಿ. ಅದಕ್ಕೇ ಪಕ್ಕದ ತಾಲ್ಲೂಕಿನವರು ಮತ್ತೆ ವಕೀಲರಿಗೆ ದುಡ್ಡು ಕೂಡಿಸಬೇಕು. ಎಪ್ಪತ್ತು ದಾಟಿದವರು.

ಇದರ ಜೊತೆ ವಸೂಲಿಯ ತಲೆನೋವು ಬೇರೆ. ನಿವೃತ್ತಿಯ ಹೊತ್ತಿಗೆ ಸೇವಾ ಪುಸ್ತಕ ತಿರುವಿ ಹಾಕುವಾಗ, ಎಷ್ಟೋ ವರ್ಷದ ಹಿಂದೆ ಇಂಕ್ರಿಮೆಂಟು ತಪ್ಪಾಗಿ ಕೊಟ್ಟಿದ್ದೇವೆ, ವಾಪಸ್ ಕಟ್ಟಿ ಅನ್ನುವ ನೋಟಿಸು ಬರುತ್ತದೆ. ತಪ್ಪು ಬರೆದದ್ದು ಮೇಷ್ಟ್ರಲ್ಲ. 2014ರ ಡಿಸೆಂಬರಿನಲ್ಲಿ ರಫೀಕ್ ಮಸೀಹ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ನಿವೃತ್ತರಿಂದ ಮತ್ತು ಒಂದು ವರ್ಷದೊಳಗೆ ನಿವೃತ್ತರಾಗುವವರಿಂದ ಹೀಗೆ ವಸೂಲಿ ಮಾಡುವಂತಿಲ್ಲ ಎಂದಿತು. ಆದರೆ 2016ರಲ್ಲಿ ಅದೇ ಕೋರ್ಟು, ಹೆಚ್ಚಾದರೆ ಹಿಂದಿರುಗಿಸುತ್ತೇನೆ ಅಂತ ಮೊದಲೇ ಮುಚ್ಚಳಿಕೆ ಬರೆದುಕೊಟ್ಟವರಿಂದ ವಸೂಲಿ ಮಾಡಬಹುದು ಎಂದಿತು. ವೇತನ ಪರಿಷ್ಕರಣೆ ಸಮಯದಲ್ಲಿ ಕೊಟ್ಟ ಕಾಗದಕ್ಕೆಲ್ಲ ಸುಮ್ನೆ ಸಹಿ ಹಾಕಿದವರು ಈಗ ಅದನ್ನು ಹುಡುಕಿ ಓದುತ್ತಿದ್ದಾರೆ. 2022ರಲ್ಲಿ ಕೇರಳದ ನಿವೃತ್ತ ಶಿಕ್ಷಕರೊಬ್ಬರು ಇಂಥ ವಸೂಲಿಯ ವಿರುದ್ಧ ಗೆದ್ದರು. ಅವರು ನಿವೃತ್ತರಾಗಿದ್ದು 1999ರಲ್ಲಿ.

ಇನ್ನೊಂದು ಗೆಲುವು ನಮ್ಮ ರಾಜ್ಯದ ವಿದ್ಯುತ್ ಪ್ರಸರಣ ನಿಗಮ ಕೆಪಿಟಿಸಿಎಲ್‌ನ ನೌಕರರ ಕೇಸಿನಿಂದ ಬಂತು. ಇಡೀ ವರ್ಷ ದುಡಿದು, ಇಂಕ್ರಿಮೆಂಟು ಬರುವ ಹಿಂದಿನ ದಿನ ನಿವೃತ್ತರಾದರೂ ಅದು ಅವರ ಹಕ್ಕು ಎಂದು 2023ರ ಏಪ್ರಿಲ್‌ನಲ್ಲಿ ತೀರ್ಪಾಯಿತು.

ಅಷ್ಟರಲ್ಲಿ ಹೊಸ ಗುಂಪೊಂದು ಸೇರಿಕೊಂಡಿದೆ. ರಾಜ್ಯದ 7ನೇ ವೇತನ ಆಯೋಗದ ಪರಿಷ್ಕರಣೆ ಕಾಗದದ ಮೇಲೆ 1-7-2022ರಿಂದ ಜಾರಿ, ದುಡ್ಡು ಕೈಗೆ ಬಂದದ್ದು 1-8-2024ರಿಂದ. ನಡುವಿನ 25 ತಿಂಗಳಲ್ಲಿ ನಿವೃತ್ತರಾದವರಿಗೆ ಪಿಂಚಣಿ ಪರಿಷ್ಕರಣೆಯಾದರೂ ಗ್ರಾಚ್ಯುಟಿ, ಕಮ್ಯುಟೇಶನ್ (ಪಿಂಚಣಿಯ ಒಂದು ಪಾಲಿನ ಬದಲು ಒಟ್ಟಿಗೆ ಪಡೆಯುವ ಮೊತ್ತ), ಗಳಿಕೆ ರಜೆ ನಗದೀಕರಣವೆಲ್ಲ ಹಳೇ ಸಂಬಳದ ಲೆಕ್ಕದಲ್ಲೇ. ಅವರಲ್ಲಿ ಹೆಡ್‌ಮಾಸ್ಟರುಗಳೂ ಇದ್ದಾರೆ, 20, 25ರ ಇಂಕ್ರಿಮೆಂಟು ಮೊದಲೇ ಕಳೆದುಕೊಂಡವರು.