ಕೋಟೆಯ ತೆನೆಯಿಂದ ಲಾರಿಯ ನಟ್‌ವರೆಗೆ

ಕಟ್ಟಡದ ನೆತ್ತಿಯ ಗೋಡೆ ಕೋಟೆಯ ಹಾಗೆ ಹಲ್ಲು ಹಲ್ಲಾಗಿದ್ದರೆ ವಾಸ್ತುಶಿಲ್ಪ ಬಲ್ಲವರು ಅದನ್ನು ‘ಕ್ಯಾಸ್ಟೆಲೇಟೆಡ್’ ಎನ್ನುತ್ತಾರೆ. ಬೇರು ಲ್ಯಾಟಿನ್ನಿನದು: ‘ಕಾಸ್ಟ್ರಮ್’ ಎಂದರೆ ದಂಡಿನ ಪಾಳೆಯ, ‘ಕಾಸ್ಟೆಲ್ಲಮ್’ ಎಂದರೆ ಚಿಕ್ಕ ಕೋಟೆ. ಇಂಗ್ಲಿಷಿನಲ್ಲಿ ಈ ಪದ ಬಳಕೆಗೆ ಬಂದದ್ದು 17ನೇ ಶತಮಾನದಲ್ಲಿ. ಆ ಹಲ್ಲುಗಳಿಗೆ ಕನ್ನಡದಲ್ಲಿ ‘ತೆನೆ’ ಎಂಬ ಹಳೆಯ ಹೆಸರಿದೆ.

ತೆನೆ ಮೊದಲಿಗೆ ಅಲಂಕಾರವಲ್ಲ. ಮಧುಗಿರಿಯಂಥ ಏಕಶಿಲೆಯ ಬೆಟ್ಟದಲ್ಲಿ ಅಂತರಾಳದ ಬಾಗಿಲು, ದಿಡ್ಡಿ ಬಾಗಿಲು, ಮೈಸೂರು ಬಾಗಿಲು ಒಂದೊಂದಾಗಿ ದಾಟಿ ಬರುವವರನ್ನು ಮೇಲಿನಿಂದಲೇ ತಡೆಯಬೇಕಿತ್ತು. ಕಾವಲಿನವನು ತೆನೆಯ ಮರೆಯಲ್ಲಿ ನಿಂತು ಮದ್ದು ತುಂಬಿ, ಸಂದಿನಿಂದಲೋ ಕಿಂಡಿಯಿಂದಲೋ ಗುಂಡು ಹಾರಿಸುತ್ತಿದ್ದ. ನೇರ ಕಿಂಡಿ ದೂರದವರಿಗೆ, ಕೆಳಮುಖವಾಗಿ ಇಳಿಸಿದ ಕಿಂಡಿ ಗೋಡೆಯ ಬುಡಕ್ಕೆ ಬಂದವರಿಗೆ. ಕೋಟೆ ನೋಡಲು ಹೋದವರು ಒಳಗಡೆಯಿಂದ ಕಿಂಡಿಗೆ ಕಣ್ಣಿಟ್ಟು ನೋಡಬೇಕು. ಅದು ಯಾವ ದಾರಿಯನ್ನು ಕಾಯುತ್ತಿತ್ತೆಂಬುದು ಕೂಡಲೇ ತಿಳಿಯುತ್ತದೆ.

ಮಧ್ಯಯುಗದ ಇಂಗ್ಲೆಂಡಿನಲ್ಲಿ ಮನೆಗೆ ತೆನೆ ಕಟ್ಟಿಕೊಳ್ಳಲು ರಾಜನ ಪರವಾನಗಿ ಪಡೆಯುವ ರೂಢಿಯಿತ್ತು. ಹೀಗಾಗಿ ತೆನೆ ಅಂತಸ್ತಿನ ಗುರುತೂ ಆಯಿತು. ಭಾರಿ ಫಿರಂಗಿ ಬಂದ ಮೇಲೆ ಅದರ ಕೆಲಸ ಕುಗ್ಗಿತು. 1791ರ ಅಕ್ಟೋಬರ್‌ನಲ್ಲಿ ಬ್ರಿಟಿಷರು ನಂದಿದುರ್ಗವನ್ನು ಹಿಡಿದದ್ದು ಫಿರಂಗಿಯಿಂದ ಗೋಡೆ ಒಡೆದೇ. ಮುಂದೆ 19ನೇ ಶತಮಾನದ ಬೆಂಗಳೂರು ಅರಮನೆಯ ಹೊತ್ತಿಗೆ ತೆನೆ ಬರೀ ಅಂದಕ್ಕಷ್ಟೇ ಉಳಿದಿತ್ತು.

ಗ್ಯಾರೇಜಿನಲ್ಲಿ ಮಾತ್ರ ಈ ಆಕಾರ ಇಂದಿಗೂ ದುಡಿಯುತ್ತಿದೆ. ಲಾರಿಯ ಸ್ಟಿಯರಿಂಗ್ ಜೋಡಣೆಯಲ್ಲಿ ಬಳಸುವ, ತಲೆ ತೆನೆಯಂತೆ ಹಲ್ಲು ಹಲ್ಲಾಗಿರುವ ಕ್ಯಾಸಲ್ ನಟ್‌ಗೆ ಸಾಮಾನ್ಯವಾಗಿ 6 ಸೀಳು. ಸೀಳು ಮತ್ತು ಬೋಲ್ಟಿನ ತೂತಿನ ಮೂಲಕ ಸ್ಪ್ಲಿಟ್ ಪಿನ್ ತೂರಿಸಿದರೆ ನಟ್ ತಿರುಗಿ ಸಡಿಲವಾಗುವುದಿಲ್ಲ. ಬಿಗಿದ ಮೇಲೆ ಬೋಲ್ಟಿನ ತೂತಿಗೆ ಸೀಳು ಕೂಡದಿದ್ದರೆ ನಟ್ಟನ್ನು ಇನ್ನಷ್ಟು ಬಿಗಿದು ಕೂಡಿಸಬೇಕು, ಸಡಿಲಿಸಬಾರದು. 60 ಡಿಗ್ರಿಯೊಳಗೆ ಮುಂದಿನ ಸೀಳು ಸಿಕ್ಕೇ ಸಿಗುತ್ತದೆ. ಚಕ್ರದ ಬೇರಿಂಗಿಗೆ ಲೆಕ್ಕ ತಿರುಗುಮುರುಗು: ಅಲ್ಲಿ ಹೆಚ್ಚು ಬಿಗಿದರೆ ಬೇರಿಂಗ್ ಕಾದು ಹಾಳಾಗುತ್ತದೆ. ಎರಡರಲ್ಲೂ ಸ್ಪ್ಲಿಟ್ ಪಿನ್ ಪ್ರತಿ ಸಲ ಹೊಸದೇ ಆಗಬೇಕು.

ಕೋಟೆಯಲ್ಲಿ ಎಲ್ಲಕ್ಕಿಂತ ಮೊದಲು ಉದುರುವುದು ತೆನೆ. ಅದು ತೆಳು, ಮಳೆಗೆ ಹಲವು ಕಡೆಯಿಂದ ಒಡ್ಡಿಕೊಂಡಿರುತ್ತದೆ. ಇಟ್ಟಿಗೆ ಗಾರೆಯದಾದರೆ ಬಿರುಕಿನಲ್ಲಿ ಅರಳಿ, ಆಲ ಬೇರೂರುತ್ತವೆ. ಸಸಿಯನ್ನು ಕಿತ್ತೆಳೆದರೆ ಇಟ್ಟಿಗೆಯೂ ಜೊತೆಗೇ ಬರುತ್ತದೆ; ಕಾಂಡ ಕತ್ತರಿಸಿ, ಬೇರನ್ನು ಸಾಯಿಸಿ, ಆಮೇಲೆ ಸಂದು ತುಂಬಬೇಕು. ಸಿಮೆಂಟ್ ಮೆತ್ತುವುದಂತೂ ದೊಡ್ಡ ತಪ್ಪು. ಒಳಗಿನ ತೇವ ಹೊರಬರಲಾಗದೆ ಹಳೆಯ ಇಟ್ಟಿಗೆಯೇ ಪುಡಿಯಾಗುತ್ತದೆ. ಚೆನ್ನಾಗಿ ಅರಳಿಸಿದ ಸುಣ್ಣ 1 ಪಾಲಿಗೆ ಮರಳು 2ರಿಂದ 3 ಪಾಲು ಬೆರೆಸಿದ ಗಾರೆಯೇ ಅದಕ್ಕೆ ಸರಿ. ದುರಸ್ತಿಯ ನೆಪದಲ್ಲಿ ಕಿಂಡಿಗಳನ್ನು ಮುಚ್ಚಲೇಬಾರದು. ಅವುಗಳ ಇಳಿಜಾರೂ ಮೊದಲಿನಂತೆಯೇ ಉಳಿಯಬೇಕು.