ಫ್ರೇಮ್ ಎಲ್ಲಿ ತಡವಾಗುತ್ತಿದೆ, ಮೊದಲು ಅದನ್ನು ನೋಡಿ

"ಅಣ್ಣಾ, ಗೇಮ್ ಲ್ಯಾಗ್ ಹೊಡೀತಿದೆ. ಹೊಸ ಕಾರ್ಡ್ ಹಾಕಿಸ್ಬೇಕಾ?"

ತುಮಕೂರಿನ ಬಿ.ಎಚ್. ರಸ್ತೆಗೆ ಹತ್ತಿರದ ಗಲ್ಲಿಯೊಂದರಲ್ಲಿ ನನ್ನದೊಂದು ಪುಟ್ಟ ಕಂಪ್ಯೂಟರ್ ಅಂಗಡಿ ಇದೆ. ಜೋಡಿಸಿಕೊಡುವುದು, ರಿಪೇರಿ ಮಾಡುವುದು. ಊರಿನಲ್ಲಿ ಎಂಜಿನಿಯರಿಂಗ್ ಹುಡುಗರು ಜಾಸ್ತಿ, ಹಾಗಾಗಿ ಈ ಪ್ರಶ್ನೆಯೂ ಜಾಸ್ತಿ. ಗ್ರಾಫಿಕ್ಸ್ ಕಾರ್ಡ್, ಅಂದರೆ ಗೇಮಿನ ಚಿತ್ರ ಬರೆಯುವ ಭಾಗ, ಮಾರಿದರೆ ನನಗೂ ನಾಲ್ಕು ಕಾಸು ಸಿಗುತ್ತದೆ, ಬೇಡ ಅನ್ನುವವನಲ್ಲ. ಆದರೆ ಹೀಗೆ ಕೇಳಿಕೊಂಡು ಬರುವ ಬಹಳಷ್ಟು ಜನಕ್ಕೆ ಕಾರ್ಡ್ ಬೇಕಾಗಿರುವುದಿಲ್ಲ. ಎಲ್ಲಿ ತಡವಾಗುತ್ತಿದೆ ಅಂತ ಯಾರಾದರೂ ಕೂತು ನೋಡಬೇಕಾಗಿರುತ್ತದೆ, ಅಷ್ಟೆ.

ಹೋದ ತಿಂಗಳು ತಿಪಟೂರು ಕಡೆಯ ಹುಡುಗನೊಬ್ಬ ಅಪ್ಪನ ಜೊತೆ ಬಂದ. ಕ್ಯಾಬಿನೆಟ್ಟನ್ನು ಟವೆಲ್‌ನಲ್ಲಿ ಸುತ್ತಿ, ಬಸ್ಸಿನಲ್ಲಿ ತೊಡೆ ಮೇಲೆ ಇಟ್ಟುಕೊಂಡು ತಂದಿದ್ದರು. "ಕೊಬ್ಬರಿ ಮಾರಿದ ದುಡ್ಡು ಸಾರ್, ಈ ಡಬ್ಬಕ್ಕೆ ಸುರಿದಿದೀವಿ. ಓದೋಕೆ ಅಂದ. ಈಗ ನೋಡಿದ್ರೆ ಆಟಾನೂ ಸರಿಯಾಗಿ ಓಡ್ತಿಲ್ವಂತೆ," ಅಂದರು ಅಪ್ಪ. ಸಿಟ್ಟು ಮಗ ಓದದ್ದಕ್ಕೋ ಆಟ ಓಡದ್ದಕ್ಕೋ, ನನಗೆ ಗೊತ್ತಾಗಲಿಲ್ಲ.

ಒಳಗಿದ್ದದ್ದು ಇಂಟೆಲ್ ಐ5 12400 ಪ್ರೊಸೆಸರ್, 4 ಜಿಬಿಯ ಜಿಟಿಎಕ್ಸ್ 1650 ಕಾರ್ಡ್. ಮನೆಯಲ್ಲಿ 144 ಹರ್ಟ್ಸ್ ಮಾನಿಟರ್, ಅಂದರೆ ಸೆಕೆಂಡಿಗೆ 144 ಸಲ ಚಿತ್ರ ಬದಲಿಸುವಂಥದ್ದು, ಇದೆಯಂತೆ. ಇಂಥ ಹೊತ್ತಿನಲ್ಲಿ ನಾನು ಕೇಬಲ್ ಮುಟ್ಟುವುದಿಲ್ಲ. "ಮನೇಲಿ ಹೇಗೆ ಜೋಡಿಸ್ತೀಯೋ ಹಾಗೇ ಜೋಡಿಸಪ್ಪ" ಅಂತ ಅವರ ಕೈಗೇ ಕೊಡುತ್ತೇನೆ. ಹುಡುಗ ಕ್ಯಾಬಿನೆಟ್ ತಿರುಗಿಸಿ, ಮೇಲ್ಗಡೆ ಯುಎಸ್‌ಬಿ ಸಾಲಿನ ಪಕ್ಕದ ಎಚ್‌ಡಿಎಂಐಗೆ ಚುಚ್ಚಿದ. ಅದು ಮದರ್‌ಬೋರ್ಡಿನದು. ಕಾರ್ಡಿನ ಕಿಂಡಿಗಳು ಅದರ ಕೆಳಗೆ ಅಡ್ಡಡ್ಡ ಇರುತ್ತವೆ. ಅವಕ್ಕೆ ಕಂಪನಿಯವರು ಹಾಕಿದ್ದ ಪ್ಲಾಸ್ಟಿಕ್ ಮುಚ್ಚಳ ಇನ್ನೂ ಹಾಗೇ ಇತ್ತು.

ಟಾಸ್ಕ್ ಮ್ಯಾನೇಜರ್ ತೆರೆದು ಗೇಮ್ ಓಡಿಸಿದೆ. ಪ್ರೊಸೆಸರ್ ಒಳಗಿನ ಪುಟ್ಟ ಗ್ರಾಫಿಕ್ಸ್ ಚಿಪ್ಪು ಏದುಸಿರು ಬಿಡುತ್ತಿತ್ತು. ಜಿಟಿಎಕ್ಸ್ ಕಾರ್ಡಿನ ಗೆರೆ ಸೊನ್ನೆಯ ಮೇಲೆ ಮಲಗಿತ್ತು. ಇಷ್ಟು ದಿನ ಕಾರ್ಡ್ ಸಂಬಳ ತಗೊಂಡು ಸುಮ್ನೆ ಕೂತಿತ್ತು ಅನ್ನಿ. ಹುಡುಗ ಅಪ್ಪನ ಮುಖ ನೋಡಲಿಲ್ಲ.

ಕೇಬಲ್ ಬದಲಾಯಿಸಿದರೆ ಮುಗಿಯಿತಾ? ಇಲ್ಲ. ಹೊಸ ಮಾನಿಟರ್ ಹಾಕಿದಾಗ ವಿಂಡೋಸ್ ಎಷ್ಟೋ ಸಲ 60 ಹರ್ಟ್ಸ್‌ನಲ್ಲೇ ನಿಂತುಬಿಡುತ್ತದೆ. ಸೆಟ್ಟಿಂಗ್ಸ್, ಸಿಸ್ಟಮ್, ಡಿಸ್‌ಪ್ಲೇ, ಅಡ್ವಾನ್ಸ್‌ಡ್ ಡಿಸ್‌ಪ್ಲೇ ಅಂತ ಒಳಗೆ ಹೋಗಿ ರಿಫ್ರೆಶ್ ರೇಟನ್ನು ನಾವೇ 144 ಮಾಡಬೇಕು. ಕೆಲವು ಮಾನಿಟರ್‌ಗಳಲ್ಲಿ ಎಚ್‌ಡಿಎಂಐ ಮೂಲಕ ಪೂರ್ತಿ 144 ಬರುವುದೂ ಇಲ್ಲ. ಡಿಸ್‌ಪ್ಲೇಪೋರ್ಟ್ ಇದ್ದರೆ ಅದನ್ನೇ ಹಾಕಿ.

ಈಗ ಎಫ್‌ಪಿಎಸ್ ಅನ್ನುವ ನಂಬರಿಗೆ ಬರೋಣ, ಅಂದರೆ ಸೆಕೆಂಡಿಗೆ ಎಷ್ಟು ಫ್ರೇಮ್ (ಚಿತ್ರ) ಬರುತ್ತವೆ ಅನ್ನುವ ಲೆಕ್ಕ. ಸೆಕೆಂಡಿಗೆ 60 ಚಿತ್ರ ಬರಬೇಕೆಂದರೆ ಒಂದೊಂದು ಚಿತ್ರಕ್ಕೆ ಸಿಗುವುದು 16.7 ಮಿಲಿಸೆಕೆಂಡ್. 144ಕ್ಕೆ ಬರೀ 6.9. ನಾನು ನೋಡುವುದು ಈ ಮಿಲಿಸೆಕೆಂಡನ್ನೇ, ಮೂಲೆಯಲ್ಲಿ ಮಿನುಗುವ ಎಫ್‌ಪಿಎಸ್ ಅನ್ನಲ್ಲ. ಯಾಕೆ ಅಂತ ಇಲ್ಲಿನವರಿಗೆ ಹೇಳುವುದು ಸುಲಭ. ತುಮಕೂರಿನಿಂದ ಬೆಂಗಳೂರು 70 ಕಿಲೋಮೀಟರ್. ನೆಲಮಂಗಲದ ತನಕ ಬಸ್ಸು ಹಾರಿಕೊಂಡು ಹೋಗುತ್ತದೆ. ದಾಸರಹಳ್ಳಿ, ಜಾಲಹಳ್ಳಿ ಕ್ರಾಸ್, ಗೊರಗುಂಟೆಪಾಳ್ಯ ಬಂತೋ, ನಿಂತೇ ಬಿಡುತ್ತದೆ. ಲೆಕ್ಕ ಹಾಕಿದರೆ ಸರಾಸರಿ ವೇಗ ಚೆನ್ನಾಗಿಯೇ ಕಾಣಬಹುದು. ಆದರೆ ಇಳಿದ ಮೇಲೆ ನೀವು ಬೈಯುವುದು ಗೊರಗುಂಟೆಪಾಳ್ಯವನ್ನು ತಾನೆ? ಗೇಮಿನಲ್ಲೂ ಹಾಗೇ. ಸರಾಸರಿ 90 ಇದ್ದು, ನಡುನಡುವೆ ಒಂದೊಂದು ಫ್ರೇಮಿಗೆ 50 ಮಿಲಿಸೆಕೆಂಡ್ ಹಿಡಿದರೆ ಕಣ್ಣಿಗೆ ಕುತ್ತುತ್ತದೆ. ಅಲುಗಾಡದ 60 ಅದಕ್ಕಿಂತ ಎಷ್ಟೋ ವಾಸಿ. ಗೇಮರ್‌ಗಳು '1 ಪರ್ಸೆಂಟ್ ಲೋ' ಅನ್ನುವುದು ಈ ಗೊರಗುಂಟೆಪಾಳ್ಯವನ್ನೇ, ಅತಿ ತಡವಾದ ನೂರಕ್ಕೊಂದು ಫ್ರೇಮನ್ನು.

ಇದನ್ನು ನೋಡಲು ಎಂಎಸ್ಐ ಆಫ್ಟರ್‌ಬರ್ನರ್ ಅನ್ನುವ ಸಾಫ್ಟ್‌ವೇರ್ ಹಾಕಿಕೊಳ್ಳಿ. ಪುಕ್ಕಟೆ. ಯಾವ ಕಂಪನಿಯ ಕಾರ್ಡಿದ್ದರೂ ನಡೆಯುತ್ತದೆ. ಜೊತೆಗೆ ಬರುವ ರಿವಾಟ್ಯೂನರ್ ತೆರೆಯ ಮೇಲೆ ಫ್ರೇಮ್‌ಟೈಮಿನ ಗೆರೆ ಎಳೆಯುತ್ತದೆ. ಗೆರೆ ಚಪ್ಪಟೆ ಇದ್ದರೆ ಕ್ಷೇಮ. ಬಾಚಣಿಗೆಯ ಹಲ್ಲಿನ ಹಾಗೆ ಎದ್ದಿದ್ದರೆ ಕೆಲಸ ಇದೆ ಅಂತ ಅರ್ಥ.

ಹಾಂ, 'ಲ್ಯಾಗ್' ಅನ್ನುವ ಮಾತಿನ ಬಗ್ಗೆ. ಹುಡುಗರು ಎಲ್ಲಕ್ಕೂ ಲ್ಯಾಗ್ ಅಂದುಬಿಡುತ್ತಾರೆ. ಆನ್‌ಲೈನ್ ಗೇಮ್ ವ್ಯಾಲರಂಟ್‌ನಲ್ಲಿ ಗುಂಡು ಹೊಡೆದ ಮೇಲೂ ಎದುರಿನವನು ಓಡಾಡುತ್ತಿದ್ದರೆ ಮೊದಲು ಪಿಂಗ್ (ಸರ್ವರಿಗೆ ಸಂದೇಶ ಹೋಗಿ ಬರುವ ಹೊತ್ತು) ನೋಡಿ. ಅದು ನೆಟ್ ತೊಂದರೆ. ಅದಕ್ಕೆ ಗೇಮಿನ ನೆರಳಿನ ಸೆಟ್ಟಿಂಗ್ ಕಡಿಮೆ ಮಾಡಿದರೆ ಹೊಟ್ಟೆನೋವಿಗೆ ಹಣೆಗೆ ವಿಕ್ಸ್ ಹಚ್ಚಿದ ಹಾಗೆ.

ಫ್ರೇಮ್ ನಿಜವಾಗಿಯೂ ಬೀಳುತ್ತಿದ್ದರೆ, ಆಗ ಬರುವ ಪ್ರಶ್ನೆ: ತಡ ಮಾಡುತ್ತಿರುವುದು ಪ್ರೊಸೆಸರ್ರೋ ಕಾರ್ಡೋ? ಯಾರು ಎಲ್ಲಿದ್ದಾರೆ, ಏನೇನು ಬರೆಯಬೇಕು ಅಂತ ಪ್ರೊಸೆಸರ್ ಪಟ್ಟಿ ಕೊಡುತ್ತದೆ. ಕಾರ್ಡ್ ಬರೆಯುತ್ತದೆ. ಕ್ಯಾತ್ಸಂದ್ರದ ಹೋಟೆಲಿನಲ್ಲಿ ತಟ್ಟೆ ಇಡ್ಲಿ ಹಬೆಯಾಡುತ್ತಾ ರೆಡಿ ಇದ್ದರೂ ಆರ್ಡರ್ ತಗೊಳ್ಳುವವನು ಒಬ್ಬನೇ ಆದರೆ ನಾವು ಕಾಯಲೇಬೇಕು. ಆಗ ಇನ್ನೊಂದು ಒಲೆ ಹಚ್ಚಿ ಏನು ಬಂತು?

ಈ ತಪ್ಪು ನಾನೇ ಮಾಡಿದ್ದೇನೆ. ಅಂಗಡಿ ತೆರೆದ ಹೊಸದರಲ್ಲಿ ಹಳೇ ಐ3 ಇದ್ದ ಹುಡುಗನೊಬ್ಬನಿಗೆ ಕಾರ್ಡ್ ಮಾರಿದೆ. ಎಫ್‌ಪಿಎಸ್ ಏರಲಿಲ್ಲ. ಎಲ್ಲ ಸೆಟ್ಟಿಂಗನ್ನೂ ಲೋ ಮಾಡಿ, ರೆಸಲ್ಯೂಶನ್, ಅಂದರೆ ಚಿತ್ರದ ಚುಕ್ಕಿಗಳನ್ನು, 720ಪಿಗೆ ಇಳಿಸಿ ಕಳಿಸಿದೆ. ಮಾರನೇ ದಿನ ಬಂದ. "ಅಣ್ಣಾ, ಈಗ ಮುಖಾನೂ ಸರಿಯಾಗಿ ಕಾಣಲ್ಲ, ಸ್ಪೀಡೂ ಬರಲಿಲ್ಲ." ಅವನ ಮಾತು ಸರಿ. ಕಾರ್ಡ್ ವಾಪಸ್ ತಗೊಂಡೆ. ಅವತ್ತಿನಿಂದ ಮಾರುವ ಮೊದಲೇ ಪರೀಕ್ಷೆ ಮಾಡುತ್ತೇನೆ.

ಪರೀಕ್ಷೆ ಬಹಳ ಸರಳ. 1080ಪಿ ಅಂದರೆ 20 ಲಕ್ಷ 73 ಸಾವಿರ ಚುಕ್ಕಿ. 720ಪಿಯಲ್ಲಿ 9 ಲಕ್ಷ 21 ಸಾವಿರ, ಅರ್ಧಕ್ಕಿಂತ ಕಡಿಮೆ. ಗೇಮಿನ ಒಂದೇ ಜಾಗದಲ್ಲಿ ನಿಂತು ಎರಡನ್ನೂ ಹಾಕಿ ನೋಡಿ. ಎಫ್‌ಪಿಎಸ್ ಜಿಗಿದರೆ ಭಾರ ಕಾರ್ಡಿನ ಮೇಲಿದೆ. ಕದಲದೇ ಇದ್ದರೆ ತಡ ಪ್ರೊಸೆಸರಿನದು. ನೋಡುವ ಮೊದಲು ವಿ-ಸಿಂಕ್ (ಫ್ರೇಮನ್ನು ಮಾನಿಟರಿನ ಸರದಿಗೆ ಕಾಯಿಸುವ ಸೆಟ್ಟಿಂಗ್), ಎಫ್‌ಪಿಎಸ್ ಮಿತಿ ಎಲ್ಲ ತೆಗೆದಿರಬೇಕು, ಇಲ್ಲದಿದ್ದರೆ ಲೆಕ್ಕ ತಪ್ಪುತ್ತದೆ. ಇನ್ನೊಂದು ಮಾತು. ಟಾಸ್ಕ್ ಮ್ಯಾನೇಜರ್ ಸಿಪಿಯು 40 ಪರ್ಸೆಂಟ್ ಅಂತ ತೋರಿಸಿದರೆ ಪ್ರೊಸೆಸರ್ ಆರಾಮಾಗಿದೆ ಅಂದುಕೊಳ್ಳಬೇಡಿ. 12400ರಲ್ಲಿ 12 ಥ್ರೆಡ್, ಅಂದರೆ ಒಟ್ಟಿಗೇ ಕೆಲಸ ಮಾಡುವ ಸಾಲು, ಇವೆ. ಗೇಮಿನ ಮುಖ್ಯ ಕೆಲಸ ಒಂದೇ ಥ್ರೆಡ್ಡಿನಲ್ಲಿ ಸಿಕ್ಕಿಕೊಂಡು ಅದು ಪೂರ್ತಿ ದಣಿದಿದ್ದರೂ ಒಟ್ಟು ಲೆಕ್ಕದಲ್ಲಿ ಕಾಣುವುದು 8 ಪರ್ಸೆಂಟ್ ಚಿಲ್ಲರೆ.

ಪ್ರೊಸೆಸರ್ ತಡ ಮಾಡುತ್ತಿದ್ದರೆ ದೂರದ ನೋಟ, ಜನಸಂದಣಿ, ಟ್ರಾಫಿಕ್ ಇವನ್ನು ಇಳಿಸಿ. ರೆಸಲ್ಯೂಶನ್ ಮುಟ್ಟಬೇಡಿ. ಮುಟ್ಟಿದರೆ ಚಿತ್ರ ಮಂಜಾಗುವುದಷ್ಟೇ ಲಾಭ.

ಕಾರ್ಡ್ ತಡ ಮಾಡುತ್ತಿದ್ದರೆ ಆಟ ಬೇರೆ. ತಿಪಟೂರಿನ ಹುಡುಗನ ಗೇಮ್ ಜಿಟಿಎ ಫೈವ್. 2015ರಲ್ಲಿ ಪಿಸಿಗೆ ಬಂದದ್ದು, ಇವತ್ತಿಗೂ ಬಿಟ್ಟಿಲ್ಲ ನಮ್ಮ ಹುಡುಗರು. ಕೇಬಲ್ ಕಾರ್ಡಿಗೆ ಚುಚ್ಚಿ ಓಡಿಸಿದ ಮೇಲೆ ಅವನು ಹೇಳಿದ್ದು, "ಸಿಟಿ ಒಳಗೆ ಓಕೆ ಅಣ್ಣಾ, ಹಳ್ಳಿ ಕಡೆ ಹೋದ್ರೆ ಸತ್ತೋಗುತ್ತೆ." ಕೇಳಿದ ತಕ್ಷಣ ಗೊತ್ತಾಯಿತು. ಹುಲ್ಲು! ಆ ಗೇಮಿನ ಗ್ರಾಸ್ ಕ್ವಾಲಿಟಿಯನ್ನು ಅಲ್ಟ್ರಾದಲ್ಲಿ ಬಿಟ್ಟರೆ ಬಯಲಿನಲ್ಲಿ ಕಾರ್ಡ್ ಒಂದೊಂದು ಎಸಳನ್ನೂ ನೆರಳಿನ ಸಮೇತ ಬರೆಯುತ್ತಾ ಕೂರುತ್ತದೆ. ಅದನ್ನು ಹೈಗೆ ಇಳಿಸಿದೆ. ಅಂಚಿನ ಗರಗಸ ನುಣುಪು ಮಾಡುವ ಎಂಎಸ್ಎಎ 4 ಪಟ್ಟಿನಲ್ಲಿತ್ತು. ತೆಗೆದು, ಅದೇ ಕೆಲಸವನ್ನು ಹಗುರವಾಗಿ ಮಾಡುವ ಎಫ್‌ಎಕ್ಸ್‌ಎಎ ಹಾಕಿದೆ. ಇವೆರಡೇ. ಬೇರೆ ಏನೂ ಮುಟ್ಟದೆ ಓಡಿಸಿ ನೋಡು ಅಂದೆ. ಗುಡ್ಡದ ದಾರಿಯಲ್ಲಿ ಗಾಡಿ ಬಿಟ್ಟುಕೊಂಡು ಹೋದ. ಬಾಚಣಿಗೆಯ ಹಲ್ಲು ಮುಕ್ಕಾಲು ಪಾಲು ಹೋಗಿತ್ತು.

ಉಳಿದ ಕಾಲುಪಾಲು ವಿಡಿಯೋ ಮೆಮೊರಿಯದು, ಅಂದರೆ ಕಾರ್ಡಿನ ಸ್ವಂತ ಮೆಮೊರಿಯದು. ಇದು ಸ್ವಲ್ಪ ತಿಳಿದುಕೊಳ್ಳಬೇಕಾದ ವಿಷಯ. ಟೆಕ್ಸ್ಚರ್ ಅಂದರೆ ಗೋಡೆ, ರಸ್ತೆ, ಬಟ್ಟೆಗಳ ಮೇಲೆ ಅಂಟಿಸುವ ಚಿತ್ರ. ಅದನ್ನು ಜಾಸ್ತಿ ಮಾಡಿದರೆ ಕಾರ್ಡಿಗೆ ಕೆಲಸ ಅಷ್ಟೇನೂ ಜಾಸ್ತಿಯಾಗುವುದಿಲ್ಲ. ಜಾಗ ಬೇಕಾಗುತ್ತದೆ. ಜಾಗ ಇರುವ ತನಕ ಅಲ್ಟ್ರಾ ಟೆಕ್ಸ್ಚರ್ ಹೆಚ್ಚುಕಡಿಮೆ ಬಿಟ್ಟಿ. ಜಾಗ ಮುಗಿದ ಕ್ಷಣ ಕಥೆ ಬದಲಾಗುತ್ತದೆ. ಮೊದಲು ಬಂದ ಜಿಡಿಡಿಆರ್5 ಮೆಮೊರಿಯ 1650 ತನ್ನ ಸ್ವಂತ ಮೆಮೊರಿಯಿಂದ ಸೆಕೆಂಡಿಗೆ 128 ಜಿಬಿ ಎಳೆದುಕೊಳ್ಳುತ್ತದೆ. ಅಲ್ಲಿ ಹಿಡಿಸದ್ದನ್ನು ರ್‍ಯಾಮಿನಿಂದ ತರಿಸಿಕೊಳ್ಳುವ ದಾರಿಯಲ್ಲಿ ಸಿಗುವುದು ಸುಮಾರು 16 ಜಿಬಿ. ಎಂಟರಲ್ಲಿ ಒಂದು ಪಾಲು. ಅಡುಗೆಮನೆಯ ಡಬ್ಬದಲ್ಲಿ ಬೇಳೆ ಇಲ್ಲ ಅಂತ ಒಗ್ಗರಣೆ ಇಟ್ಟು ಅಂಗಡಿಗೆ ಓಡಿದ ಹಾಗೆ. ಜಿಟಿಎಯಲ್ಲಿ ಎಷ್ಟು ಮೆಮೊರಿ ಬೇಕು ಅಂತ ಸೆಟ್ಟಿಂಗ್ ಪುಟದಲ್ಲೇ ಒಂದು ಪಟ್ಟಿ ಇರುತ್ತದೆ. ಹುಡುಗನದು ತುದಿ ಮುಟ್ಟಿತ್ತು. ಟೆಕ್ಸ್ಚರ್ ಒಂದು ಮೆಟ್ಟಿಲು ಇಳಿಸಿದ ಮೇಲೆ ಗೆರೆ ಸಪಾಟಾಯಿತು.

ಬೇರೆ ಗೇಮುಗಳಲ್ಲಿ ನಾನು ಮೊದಲು ಕೈ ಹಾಕುವುದು ನೆರಳಿಗೆ. ನೆರಳು ಬರೆಯಬೇಕಾದರೆ ಅದೇ ದೃಶ್ಯವನ್ನು ಬೆಳಕಿನ ಕಡೆಯಿಂದ ಇನ್ನೊಂದು ಸಲ ಬರೆದು ನೋಡಬೇಕು. ಅಲ್ಟ್ರಾದಿಂದ ಮೀಡಿಯಮ್‌ಗೆ ಇಳಿಸಿದರೆ ಉಳಿತಾಯ ಜಾಸ್ತಿ, ಓಡುವ ಗೇಮಿನಲ್ಲಿ ವ್ಯತ್ಯಾಸ ಕಾಣುವುದೇ ಇಲ್ಲ. ಆಮೇಲೆ ವಾಲ್ಯೂಮೆಟ್ರಿಕ್ ಮಂಜು, ಮೋಡ. ದೇವರಾಯನದುರ್ಗದ ಮೇಲೆ ನಿಂತ ಹಾಗೆ ಚೆನ್ನಾಗಿ ಕಾಣುತ್ತದೆ ನಿಜ, ಆದರೆ ತಿನ್ನುತ್ತದೆ. ರಿಫ್ಲೆಕ್ಷನ್ ಕೂಡ. ಆ್ಯನಿಸೋಟ್ರೊಪಿಕ್ ಫಿಲ್ಟರಿಂಗನ್ನು ಮಾತ್ರ 16ರಲ್ಲೇ ಬಿಡಿ. ಖರ್ಚು ಇಲ್ಲವೆನ್ನುವಷ್ಟು ಕಡಿಮೆ. ಅದನ್ನು ತೆಗೆದರೆ ದೂರದ ರಸ್ತೆಯೆಲ್ಲ ಕಲಸಿಹೋಗುತ್ತದೆ. ಮೋಷನ್ ಬ್ಲರ್ ನಿಮ್ಮಿಷ್ಟ. ನಾನಂತೂ ತೆಗೆಯುತ್ತೇನೆ.

ಒಂದು ಸಲಕ್ಕೆ ಒಂದೇ ಬದಲಾಯಿಸಿ. ಪ್ರಿಸೆಟ್ಟನ್ನು, ಅಂದರೆ ಎಲ್ಲ ಸೆಟ್ಟಿಂಗಿನ ಒಟ್ಟು ಗುಂಡಿಯನ್ನು, ಒಂದೇ ಏಟಿಗೆ ಅಲ್ಟ್ರಾದಿಂದ ಲೋ ಮಾಡಿದರೆ ಯಾವುದರಿಂದ ಸರಿಹೋಯಿತು ಅಂತ ಗೊತ್ತೇ ಆಗುವುದಿಲ್ಲ.

ಇಷ್ಟಾದರೂ ಸಾಲದಿದ್ದರೆ ಅಪ್‌ಸ್ಕೇಲಿಂಗ್ ಇದೆ, ಸಣ್ಣ ಚಿತ್ರ ಬರೆದು ಹಿಗ್ಗಿಸುವುದು. ಎನ್ವಿಡಿಯಾದ ಡಿಎಲ್‌ಎಸ್‌ಎಸ್‌ಗೆ ಆರ್‌ಟಿಎಕ್ಸ್ ಕಾರ್ಡೇ ಬೇಕು. 2021ರಲ್ಲಿ ಬಂದ ಎಎಮ್‌ಡಿಯ ಎಫ್‌ಎಸ್‌ಆರ್ 1650ಯಂಥ ಕಾರ್ಡಿನಲ್ಲೂ ನಡೆಯುತ್ತದೆ. 1080ಪಿ ತೆರೆಯಲ್ಲಿ 'ಕ್ವಾಲಿಟಿ' ಅಂತ ಹಾಕಿದರೆ ಒಳಗೆ ಬರೆಯುವುದು 720ಪಿ. ಅದನ್ನು ಹಿಗ್ಗಿಸಿ ತೋರಿಸುತ್ತದೆ. ತಂತಿ, ಕೂದಲು, ಸೋಗೆಯಂಥ ಸಣ್ಣ ಎಳೆಗಳು ಮಿಣಮಿಣ ಅನ್ನುತ್ತವೆ. ಕಾರ್ಡ್ ಬಡವಾಗಿದ್ದರೆ ಸಹಿಸಿಕೊಳ್ಳಬಹುದು. ಫ್ರೇಮ್ ಜನರೇಷನ್ ವಿಷಯದಲ್ಲಿ ಮಾತ್ರ ಹುಷಾರು. ಅದು ಎರಡು ನಿಜ ಚಿತ್ರಗಳ ನಡುವೆ ಒಂದು ಊಹೆಯ ಚಿತ್ರ ತೂರಿಸುತ್ತದೆ. ಮೂಲದಲ್ಲಿ 30 ಇದ್ದಾಗ ಹಾಕಿದರೆ ನಂಬರು 60 ಅನ್ನುತ್ತದೆ, ಮೌಸ್ ಹಿಡಿದ ಕೈಗೆ 30ರ ಭಾರವೇ.

ಕೊನೆಗೆ ಮಿತಿ ಹಾಕುವ ಕೆಲಸ. ಹುಡುಗರಿಗೆ ಇದು ಇಷ್ಟವಾಗುವುದಿಲ್ಲ. ಬರುವ ಎಫ್‌ಪಿಎಸ್ಸನ್ನು ಯಾಕೆ ತಡೆಯಬೇಕು ಅನ್ನುತ್ತಾರೆ. 60 ಹರ್ಟ್ಸ್ ಮಾನಿಟರಿನಲ್ಲಿ ಹಳೇ ಥರದ ವಿ-ಸಿಂಕ್ ಹಾಕಿದಿರಿ ಅನ್ನಿ. ಚಿತ್ರ ಸೀಳುವುದು ನಿಲ್ಲುತ್ತದೆ. ಆದರೆ ಒಂದು ಫ್ರೇಮ್ 16.7ರ ಬದಲು 18 ಮಿಲಿಸೆಕೆಂಡ್ ಹಿಡಿದರೆ ಅದು ಮುಂದಿನ ಸರದಿಗೆ, ಅಂದರೆ 33.3ಕ್ಕೆ ಕಾಯಬೇಕು. 60 ಇದ್ದದ್ದು ಆ ಹೊತ್ತಿಗೆ 30ಕ್ಕೆ ಬಿತ್ತು. ಫ್ರೀಸಿಂಕ್ ಇರುವ ಮಾನಿಟರ್ ಆದರೆ ಈ ರಗಳೆ ಇಲ್ಲ, ತೆರೆಯೇ ಕಾರ್ಡಿಗಾಗಿ ಕಾಯುತ್ತದೆ. 2019ರ ಜನವರಿಯಿಂದ ಜಿಟಿಎಕ್ಸ್ 10ರ ಸಾಲು ಮತ್ತು ಆಮೇಲಿನ ಎನ್ವಿಡಿಯಾ ಕಾರ್ಡುಗಳಲ್ಲೂ ಡಿಸ್‌ಪ್ಲೇಪೋರ್ಟ್ ಮೂಲಕ ಇದು ಸಿಗುತ್ತದೆ. ಎಷ್ಟೋ ಜನ ಮಾನಿಟರಿನ ಮೆನುವಿನಲ್ಲಿ ಅದನ್ನು ಆನ್ ಮಾಡಿಯೇ ಇರುವುದಿಲ್ಲ.

ತಿಪಟೂರಿನ ಹುಡುಗನ ಮಾನಿಟರಿನಲ್ಲಿ ಫ್ರೀಸಿಂಕ್ ಇರಲಿಲ್ಲ. ಅವನಿಗೆ 72ಕ್ಕೆ ಮಿತಿ ಹಾಕಿದೆ. 72 ಅಂದರೆ 144ರ ಅರ್ಧ. ಪ್ರತಿ ಚಿತ್ರವೂ ತೆರೆಯಲ್ಲಿ ಸರಿಯಾಗಿ ಎರಡು ಸರದಿ ನಿಲ್ಲುತ್ತದೆ, ಹೆಚ್ಚಿಲ್ಲ ಕಡಿಮೆಯಿಲ್ಲ. 100ಕ್ಕೂ 60ಕ್ಕೂ ನಡುವೆ ಜೀಕುವುದಕ್ಕಿಂತ ಕಣ್ಣಿಗೆ ಇದು ಹಿತ.

ಮಿತಿಯಿಂದ ಇನ್ನೊಂದು ಉಪಯೋಗ ಲ್ಯಾಪ್‌ಟಾಪಿನವರಿಗೆ. ಪಾವಗಡದ ಕಡೆಯಿಂದ ಬರುವ ಲ್ಯಾಪ್‌ಟಾಪ್‌ಗಳನ್ನು ಬಿಚ್ಚಿದರೆ ಫ್ಯಾನ್ ಪಕ್ಕದ ಜಾಲರಿಯಲ್ಲಿ ಕೆಂಪು ಧೂಳಿನ ಕಂಬಳಿ. ಸೋಲಾರ್ ಪಾರ್ಕಿಗೆ ಒಳ್ಳೆಯದಾದ ಬಿಸಿಲು ಲ್ಯಾಪ್‌ಟಾಪಿಗೆ ಆಗಿಬರುವುದಿಲ್ಲ. ಮೊದಲ ಹತ್ತು ನಿಮಿಷ ಚೆನ್ನಾಗಿ ಓಡಿ ಆಮೇಲೆ ಕುಂಟುವ ಗೇಮ್ ಕಂಡರೆ ಗ್ರಾಫಿಕ್ಸ್ ಸೆಟ್ಟಿಂಗ್ ನೋಡುವ ಮೊದಲು ಉಷ್ಣತೆ ನೋಡಿ. 95 ಡಿಗ್ರಿ ದಾಟುತ್ತಿದ್ದರೆ ಚಿಪ್ಪು ತನ್ನನ್ನು ಉಳಿಸಿಕೊಳ್ಳಲು ತಾನೇ ವೇಗ ಇಳಿಸಿಕೊಳ್ಳುತ್ತಿರುತ್ತದೆ. ಧೂಳು ತೆಗೆಸಿ, ಚಿಪ್ಪಿನ ಮೇಲಿನ ಥರ್ಮಲ್ ಪೇಸ್ಟ್ ಬದಲಾಯಿಸಿ, 60ಕ್ಕೆ ಮಿತಿ ಹಾಕಿ, ಚಾರ್ಜರ್ ಚುಚ್ಚಿಕೊಂಡು ಆಡಿ. ಹಾಸಿಗೆ ಮೇಲೆ ಇಡಬೇಡಿ ಅಂತ ಹೇಳಿ ಹೇಳಿ ನನಗೂ ಸಾಕಾಗಿದೆ.

ಬೇರೆ ಕಾರ್ಡ್ ಇಲ್ಲದ, ಪ್ರೊಸೆಸರ್ ಒಳಗಿನ ಗ್ರಾಫಿಕ್ಸ್ ಮೇಲೇ ಓಡುವ ಲ್ಯಾಪ್‌ಟಾಪ್ ಆದರೆ ರ್‍ಯಾಮ್ ಒಂದೇ ಕಡ್ಡಿಯಾ ಎರಡಾ ಅಂತ ನೋಡಿ. ಅದಕ್ಕೆ ಬೇರೆ ಮೆಮೊರಿ ಇಲ್ಲ, ಈ ರ್‍ಯಾಮೇ ಗತಿ. ಡಿಡಿಆರ್4 3200ರಲ್ಲಿ ಒಂದು ಕಡ್ಡಿ ಸೆಕೆಂಡಿಗೆ 25.6 ಜಿಬಿ ಕೊಡುತ್ತದೆ, ಎರಡು ಹಾಕಿದರೆ 51.2. ಖಾಲಿ ಸ್ಲಾಟ್ ಇದ್ದರೆ ಇನ್ನೊಂದು 8 ಜಿಬಿ ಹಾಕಿಸುವುದಕ್ಕೆ ಸಮನಾದ ಸೆಟ್ಟಿಂಗ್ ಯಾವ ಗೇಮಿನ ಮೆನುವಿನಲ್ಲೂ ಇಲ್ಲ.

ಅಪ್ಪ ಮಗ ಹೊರಟಾಗ ಸಂಜೆಯಾಗಿತ್ತು. ಸರ್ವಿಸ್ ಚಾರ್ಜ್ ಮುನ್ನೂರು ತಗೊಂಡೆ. "ಬರೀ ವೈರ್ ಕೆಳಗಡೆ ಚುಚ್ಚಿದ್ದಕ್ಕಾ ಸಾರ್?" ಅಂದರು ಅಪ್ಪ. ಹುಡುಗ ಆಗಲೇ ಕ್ಯಾಬಿನೆಟ್ಟಿಗೆ ಟವೆಲ್ ಸುತ್ತುತ್ತಿದ್ದ, ಆ ಪ್ಲಾಸ್ಟಿಕ್ ಮುಚ್ಚಳವನ್ನು ಜೇಬಿಗೆ ಹಾಕಿಕೊಂಡು.