ಸರಕು ಯಾರ ಕೈಗೆ? ಕಾಮನ್ ಕ್ಯಾರಿಯರ್ ಹೊಣೆ ಬಗ್ಗೆ ಟಿಪ್ಪಣಿ

ಕಳೆದ ಸಲ ತರಗತಿ ಪರೀಕ್ಷೆಗೆ ಬಂದ ಪ್ರಶ್ನೆ ಇದು. ಬ್ಯಾಡಗಿಯ ವ್ಯಾಪಾರಿ ಪುಣೆಯ ಅಂಗಡಿಯವನಿಗೆ 50 ಚೀಲ ಮೆಣಸಿನಕಾಯಿ ಮಾರುತ್ತಾನೆ. ಟ್ರಾನ್ಸ್‌ಪೋರ್ಟಿನಲ್ಲಿ ಬುಕ್ ಮಾಡುವಾಗ ಸರಕು ಪಡೆಯುವವರ ಹೆಸರಿನ ಜಾಗದಲ್ಲಿ 'ಸೆಲ್ಫ್' ಅಂತ ಬರೆಸುತ್ತಾನೆ. ಎಲ್‌ಆರ್ (ಸರಕಿಗೆ ಟ್ರಾನ್ಸ್‌ಪೋರ್ಟಿನವರು ಕೊಡುವ ಲಾರಿ ರಸೀದಿ) ಅನ್ನು ಬ್ಯಾಂಕಿನ ಮೂಲಕ ಕಳಿಸುತ್ತಾನೆ, ದುಡ್ಡು ಕಟ್ಟಿದ ಮೇಲಷ್ಟೇ ಕೊಡಿ ಅಂತ. ಅಂಗಡಿಯವನು ಬ್ಯಾಂಕಿನ ಕಡೆ ತಲೆಯನ್ನೇ ಹಾಕುವುದಿಲ್ಲ. ಸೀದಾ ಗೋಡೌನಿಗೆ ಹೋಗಿ, ಗುರುತಿನ ಮೇಲೆ ಚೀಲ ಬಿಡಿಸಿಕೊಳ್ಳುತ್ತಾನೆ. ಕಾಮನ್ ಕ್ಯಾರಿಯರ್, ಅಂದರೆ ಬಾಡಿಗೆಗೆ ಯಾರ ಸರಕನ್ನಾದರೂ ಸಾಗಿಸುವ ಟ್ರಾನ್ಸ್‌ಪೋರ್ಟಿನವನು, ಹೊಣೆಯೇ?

"ಕೊಂಡವನಿಗೇ ತಲುಪಿದೆಯಲ್ಲ, ಹೊಣೆ ಇಲ್ಲ" ಅಂತ ಬರೆದೆ. ಅಂಕ ಹೋಯಿತು.

ತಪ್ಪಿದ್ದು ಇಲ್ಲಿ: ಕೊಂಡವನು ಬೇರೆ, ಸರಕು ಪಡೆಯುವ ಹಕ್ಕಿರುವವನು ಬೇರೆ. 'ಸೆಲ್ಫ್' ಅಂತ ಬರೆಸಿದ ವ್ಯಾಪಾರಿ ದುಡ್ಡು ಬರುವವರೆಗೆ ಸರಕಿನ ಲಗಾಮು ತನ್ನ ಕೈಯಲ್ಲೇ ಇಟ್ಟುಕೊಂಡಿದ್ದಾನೆ. 1930ರ ಸರಕು ಮಾರಾಟ ಕಾಯ್ದೆಯ 25ನೇ ಕಲಂ ಇದಕ್ಕೆ ಅವಕಾಶ ಕೊಡುತ್ತದೆ. ಎಲ್‌ಆರ್ ಕೇಳದೆ ಚೀಲ ಬಿಟ್ಟುಕೊಟ್ಟ ಟ್ರಾನ್ಸ್‌ಪೋರ್ಟಿನವನು ಆ ಲಗಾಮನ್ನೇ ಕಿತ್ತು ಬೇರೆಯವನಿಗೆ ಕೊಟ್ಟ ಹಾಗಾಯಿತು. ಮುಖ ಪರಿಚಯ ಎಷ್ಟೇ ಹಳೆಯದಿದ್ದರೂ ಅದು ರಸೀದಿಯ ಬದಲು ನಡೆಯುವುದಿಲ್ಲ.

ಈಗ ಕಾಯ್ದೆ. 1865ರ ಕ್ಯಾರಿಯರ್ಸ್ ಆಕ್ಟ್ ಈಗ ಇಲ್ಲ. ಅದರ ಜಾಗಕ್ಕೆ ಬಂದ 2007ರ ರಸ್ತೆ ಸಾಗಣೆ ಕಾಯ್ದೆ 2011ರಲ್ಲಿ ಜಾರಿಯಾಯಿತು. ಇದರಲ್ಲಿ ಕೊರಿಯರ್‌ನವರೂ ಕಾಮನ್ ಕ್ಯಾರಿಯರ್ರೇ. 17ನೇ ಕಲಂ ಸರಕು ನಷ್ಟ, ಹಾಳಾಗುವುದು ಮಾತ್ರವಲ್ಲ, 'ತಲುಪಿಸದೇ ಇರುವುದು' ಅನ್ನೂ ಸೇರಿಸಿದೆ. ಅದರ ಕೆಳಗೇ ವಿನಾಯಿತಿಗಳಿವೆ: ದೈವಾಧೀನ ಘಟನೆ, ಯುದ್ಧ, ದಂಗೆ, ಕೋರ್ಟಿನ ಜಪ್ತಿ, ಸರ್ಕಾರದ ನಿರ್ಬಂಧ. "ಗುರುತಿನವನು ಅಂದುಕೊಂಡೆ" ಅನ್ನುವುದು ಆ ಪಟ್ಟಿಯಲ್ಲಿ ಇಲ್ಲ!

ರೈಲ್ವೆ ವಿಷಯ ಸ್ವಲ್ಪ ಬೇರೆ. 1989ರ ಕಾಯ್ದೆಯ 76ನೇ ಕಲಂ ಪ್ರಕಾರ ರಸೀದಿ ವಾಪಸ್ ಪಡೆದು ಸರಕು ಕೊಡಬೇಕು. ರಸೀದಿ ತಂದವನಿಗೆ ಕೊಟ್ಟರೆ, ಹಕ್ಕು ವರ್ಗಾಯಿಸಲು ಅದರ ಮೇಲೆ ಹಾಕಿದ ರುಜು ಖೋಟಾ ಆಗಿದ್ದರೂ ರೈಲ್ವೆ ಹೊಣೆಯಲ್ಲ ಅನ್ನುತ್ತದೆ 80ನೇ ಕಲಂ. ನನಗೆ ಇದು ಸ್ವಲ್ಪ ಜಾಸ್ತಿ ರಿಯಾಯಿತಿ ಅನ್ನಿಸುತ್ತದೆ. ಲಾರಿಯವನಿಗೆ ಇಂಥ ಕಲಂ ಕಾಯ್ದೆಯಲ್ಲಿ ಇಲ್ಲ.

ಮೋಸಗಾರ ಬಂದರೆ? ಇಲ್ಲಿ ಎರಡು ಇಂಗ್ಲಿಷ್ ತೀರ್ಪುಗಳನ್ನು ಜೋಡಿಯಾಗಿಯೇ ಓದಿ. ಸ್ಟೀಫನ್‌ಸನ್ ವಿರುದ್ಧ ಹಾರ್ಟ್ (1828) ಪ್ರಕರಣದಲ್ಲಿ ಬರೆದ ವಿಳಾಸದಲ್ಲಿ ಆ ಹೆಸರಿನವರು ಯಾರೂ ಇರಲಿಲ್ಲ. ಆಮೇಲೆ ಅದೇ ಹೆಸರಲ್ಲಿ ಬಂದ ಕಾಗದ ನಂಬಿ ಪೆಟ್ಟಿಗೆಯನ್ನು ಬೇರೆ ಕಡೆ ಕೊಟ್ಟರು. ಸಾಗಣೆದಾರ ಸೋತ. ವಿಳಾಸ ಸುಳ್ಳು ಅಂತ ಗೊತ್ತಾದ ಮೇಲೂ ಕಳಿಸಿದವನನ್ನು ಒಂದು ಮಾತು ಕೇಳಲಿಲ್ಲ, ಅಲ್ವಾ? ಮೆಕೀನ್ ವಿರುದ್ಧ ಮೆಕೈವರ್ (1870) ಪ್ರಕರಣದಲ್ಲೂ ಮೋಸವೇ. ಆದರೆ ಅಲ್ಲಿ ಸಾಗಣೆದಾರ, ಕಳಿಸಿದವನು ಕೊಟ್ಟ ವಿಳಾಸಕ್ಕೇ ಸರಕು ಬಂದಿದೆ ಅಂತ ಚೀಟಿ ಕಳಿಸಿದ್ದ, ಮಾಮೂಲಿ ಪದ್ಧತಿಯಂತೆ ಆ ಚೀಟಿ ತಂದವನಿಗೆ ಸರಕು ಕೊಟ್ಟಿದ್ದ. ಅವನು ಗೆದ್ದ. ಮೋಸ ನಡೆಯಿತೇ ಅನ್ನುವುದಕ್ಕಿಂತ, ಕಳಿಸಿದವನ ಸೂಚನೆಯನ್ನು ಯಾರು ಬಿಟ್ಟರು ಅಂತ ನೋಡಿದರೆ ಉತ್ತರ ಬೇಗ ಸಿಗುತ್ತದೆ.

ಇನ್ನೊಂದು ತಿರುವು. ಸರಕು ದಾರಿಯಲ್ಲಿರುವಾಗ ಕೊಂಡವನು ದಿವಾಳಿಯಾದರೆ, ದುಡ್ಡು ಸಿಗದ ಮಾರಾಟಗಾರ ಅದನ್ನು ತಡೆಯಬಹುದು (ಮಾರಾಟ ಕಾಯ್ದೆ, ಕಲಂ 50ರಿಂದ 52). ಅವನ ನೋಟಿಸ್ ಸಾಗಣೆದಾರನಿಗೆ ಬಂದ ಮೇಲೆ ಸರಕು ಮಾರಾಟಗಾರನಿಗೇ ವಾಪಸ್ ಹೋಗಬೇಕು, ಖರ್ಚೂ ಅವನದೇ. ಅಂದರೆ ಬೆಳಗ್ಗೆ ಸರಿಯಾಗಿದ್ದ ಕೈ ಸಂಜೆಗೆ ತಪ್ಪು ಕೈ ಆಗಬಹುದು.

ಯಾರೂ ಬಿಡಿಸಿಕೊಳ್ಳದಿದ್ದರೆ ಸಾಗಣೆದಾರ ನೋಟಿಸ್ ಕೊಟ್ಟು 30 ದಿನ ಕಾಯಬೇಕು, ಕೆಡುವ ಸರಕಿಗೆ 24 ಗಂಟೆ. ಇದು ರಸ್ತೆ ಸಾಗಣೆ ಕಾಯ್ದೆಯ 15ನೇ ಕಲಂ. ನಷ್ಟ, ಹಾನಿಗೆ ದಾವೆ ಹೂಡುವ ಮೊದಲು ಅದೇ ಕಾಯ್ದೆಯ 16ನೇ ಕಲಂ ಪ್ರಕಾರ ಸಾಗಣೆದಾರನಿಗೆ ಕೊಡುವ ನೋಟಿಸ್ ಮರೆಯಬೇಡಿ: 180 ದಿನದೊಳಗೆ. ಎಣಿಕೆ ಶುರುವಾಗುವುದು ಬುಕ್ ಮಾಡಿದ ದಿನದಿಂದ, ನಷ್ಟ ಗೊತ್ತಾದ ದಿನದಿಂದಲ್ಲ. ಇದರಲ್ಲೂ ನಾನು ಒಂದು ಅಂಕ ಕಳೆದುಕೊಂಡಿದ್ದೇನೆ.